ಎರಡನೆಯ ನಡಿಗೆ

ಮಲಪ್ರಭೆಯ ದಂಡೆಯ ಮೇಲೆ, ಎರಡು ಕೋಣೆಯ ಮನೆಯಲ್ಲಿ, ವೇಣುಬಾಯಿ ಎಂಬ ವೃದ್ಧೆ ಇದ್ದರು. ಆಯುಷ್ಯವೆಲ್ಲ ಕ್ಯಾಮೆರಾ ಹೊತ್ತು ಊರೂರು ತಿರುಗಿ ಸಾಕ್ಷ್ಯಚಿತ್ರ ತೆಗೆದವರು. ಯಾವ ಕಂಪನಿಯ ಆಳಾಗಿಯೂ ನಿಂತವರಲ್ಲ.

ಕಲಿಯಲು ಬಂದವರು ಅವರನ್ನು ಅಕ್ಕೋರು ಎಂದು ಕರೆಯುತ್ತಿದ್ದರು. ಆ ಸೀಮೆಯಲ್ಲಿ ಶಾಲೆ ಕಲಿಸುವ ಹೆಣ್ಣುಮಕ್ಕಳನ್ನು ಕರೆಯುವುದು ಹಾಗೆಯೇ.

ಶಿವಪುತ್ರ ಮೊದಲ ಸಲ ಆ ಬಾಗಿಲಿಗೆ ಬಂದಾಗ ಅವನಿಗೆ ಇಪ್ಪತ್ತು ತುಂಬಿತ್ತು.

"ಏನು ಕಲೀಬೇಕಂತಿ?" ಎಂದರು ಅಕ್ಕೋರು.

"ಕ್ಯಾಮೆರಾ ಹಿಡಿಯೋದ್ರಿ."

ಅಕ್ಕೋರು ಒಳಗಿನಿಂದ ತಮ್ಮ ಹಳೆಯ ಕ್ಯಾಮೆರಾ ತಂದು ಅವನ ಹೆಗಲಿಗೇರಿಸಿದರು. ಒಳಗೆ ರೀಲು ಇರಲಿಲ್ಲ.

"ಸಂತಿಯೊಳಗ ಒಂದು ಸುತ್ತು ಹಾಕಿ ಬಾ."

ಶಿವಪುತ್ರ ಹೋಗಿಬಂದ. ಅಂಗಿ ಬೆವರಿಗೆ ಬೆನ್ನಿಗಂಟಿತ್ತು.

"ಭಾಳ ಭಾರ ಐತ್ರಿ ಅಕ್ಕೋರೆ."

"ಯಾರಿಗೆ?"

ಅವನಿಗೆ ತಿಳಿಯಲಿಲ್ಲ. ಕ್ಯಾಮೆರಾ ಕೆಳಗಿಳಿಸಿದ.

"ನಿನ್ನ ನೋಡಿ ಮಂದಿ ಏನು ಮಾಡಿದ್ರು?"

"ಕಾಯಿಪಲ್ಯೆ ಮಾರಾಕಿ ಸೆರಗು ಸರಿ ಮಾಡಿಕೊಂಡ್ಲು. ಜಗಳಾಡೋ ಇಬ್ಬರು ಬಾಯಿ ಮುಚ್ಚಿದ್ರು. ಕುಂತಿದ್ದ ಒಬ್ಬ ಮುದುಕ ಎದ್ದು ನಿಂತ."

"ಅಷ್ಟೂ ಮಂದಿ ಅದನ್ನ ಹೊತ್ತಾರ. ನಿನಗೊಬ್ಬನಿಗೆ ಭಾರ ಅಂತ ತಿಳೀಬ್ಯಾಡ," ಎಂದರು ಅಕ್ಕೋರು. "ಒಳಗ ಬಾ. ರೊಟ್ಟಿ ತಿನ್ನು."

ಹಾಗೆ ಅವನ ವಿದ್ಯೆ ಶುರುವಾಯಿತು.

ಕೆಲವು ವರ್ಷ ಅವರ ಹತ್ತಿರವೇ ಇದ್ದ. ಬೆಳಕು ಗೋಡೆಯ ಮೇಲೆ ಹೇಗೆ ಇಳಿಯುತ್ತದೆ, ಮಾತಾಡುತ್ತಿರುವವರ ಮುಖಕ್ಕಿಂತ ಕೇಳುತ್ತಿರುವವರ ಮುಖ ಯಾವಾಗ ಹೆಚ್ಚು ಹೇಳುತ್ತದೆ, ಎಲ್ಲಿ ನಿಂತರೆ ಯಾರಿಗೂ ಅಡ್ಡವಾಗುವುದಿಲ್ಲ, ಇವನ್ನೆಲ್ಲ ಕಲಿತ. ಕಲಿತದ್ದು ಸಾಕೆಂದು ಅವನಿಗೆ ಅನ್ನಿಸಿದ ದಿನ ಅಕ್ಕೋರ ಕಾಲಿಗೆರಗಿದ.

"ಆಶೀರ್ವಾದ ಮಾಡ್ರಿ. ಕೆಲಸ ಸಿಗಲಿ ಅಂತ."

"ಸಿಗಲಿ ಅನ್ನಬೇಕೋ, ಲಗೂನ ಸಿಗದಿರಲಿ ಅನ್ನಬೇಕೋ ತಿಳೀವಲ್ದು," ಎಂದು ಅಕ್ಕೋರು ಅವನ ತಲೆ ಮುಟ್ಟಿದರು.

ಕೆಲಸ ಸಿಕ್ಕಿತು. ಆದರೆ ಹೆಸರು ಸಿಗಲಿಲ್ಲ.

ಗಣಿಯ ಕೆಂಧೂಳಿನಲ್ಲಿ, ಗುಳೆ ಹೋದವರ ಗುಡಿಸಲುಗಳಲ್ಲಿ, ಸರ್ಕಾರಿ ಆಸ್ಪತ್ರೆಯ ವರಾಂಡಗಳಲ್ಲಿ ಅವನ ಹರೆಯ ಕಳೆಯಿತು. ಬೇರೆಯವರ ಚಿತ್ರಗಳ ಕೊನೆಯಲ್ಲಿ, ಜನ ಎದ್ದು ಬಾಗಿಲ ಕಡೆ ನಡೆಯುವ ಹೊತ್ತಿಗೆ, ಅವನ ಹೆಸರು ಸಣ್ಣಕ್ಷರದಲ್ಲಿ ಬಂದು ಹೋಗುತ್ತಿತ್ತು. ಕೆಲವು ಚಿತ್ರಗಳು ತೆರೆಯನ್ನೇ ಕಾಣಲಿಲ್ಲ. ಮದುವೆಯ ಕಾಲದಲ್ಲಿ ಮದುವೆಗಳನ್ನು ಚಿತ್ರಿಸಿ ಹೊಟ್ಟೆ ಹೊರೆದ.

ತಲೆಯಲ್ಲಿ ಬಿಳಿಕೂದಲು ಕಾಣಿಸಿಕೊಂಡಾಗ ಅವನಿಗೊಂದು ಹಟ ಹುಟ್ಟಿತು. ತನ್ನದೇ ಆದ ಒಂದು ಚಿತ್ರ ತೆಗೆಯಬೇಕು.

ಕೃಷ್ಣೆಯ ಒಂದು ಕಡವು. ಅಲ್ಲಿ ಹುಲಿಗೆಪ್ಪನೆಂಬ ಅಂಬಿಗ ಹರಿಗೋಲು ಹಾಕುತ್ತಿದ್ದ. ಪಕ್ಕದಲ್ಲೇ ಸೇತುವೆ ಏಳುತ್ತಿತ್ತು. ಅದು ಮುಗಿದ ದಿನ ಹರಿಗೋಲಿನ ಕೆಲಸವೂ ಮುಗಿಯುತ್ತದೆ. ಅಲ್ಲಿಯವರೆಗಿನ ಕತೆಯನ್ನು ತೆಗೆಯುತ್ತೇನೆಂದು ಶಿವಪುತ್ರ ಆ ಊರಿಗೆ ಹೋದ.

ಹುಲಿಗೆಪ್ಪನಿಗೆ ಒಬ್ಬಳೇ ಮಗಳು, ದ್ಯಾವಮ್ಮ. ಅಪ್ಪನ ಸರಿಸಮಕ್ಕೆ ಹುಟ್ಟು ಹಾಕುವವಳು. ಹರಿಗೋಲಿನ ಅಂಚಿಗೆ ಕೂತು ಕ್ಯಾಮೆರಾ ತೆರೆಯುತ್ತಿದ್ದ ಶಿವಪುತ್ರನನ್ನು ಮೊದಲ ದಿನವೇ ಗದರಿಸಿದಳು.

"ಅಣ್ಣಾ, ನಡಕ ಸರದು ಕುಂದರು. ಇಲ್ಲಾಂದ್ರ ಮೂವರೂ ಮೀನಿಗೆ ಊಟ ಆಗ್ತೀವಿ."

ಹುಲಿಗೆಪ್ಪ ನಕ್ಕ. ಶಿವಪುತ್ರ ನಡುವೆ ಸರಿದು ಕೂತ. ಆವತ್ತಿನಿಂದ ಅವನು ಆಕೆಗೆ ಅಣ್ಣನಾದ, ಹುಲಿಗೆಪ್ಪ ಇವನಿಗೆ ಕಾಕಾ ಆದ. ಊರಿಗೆ ಹೋದಾಗಲೆಲ್ಲ ಅವರ ಮನೆಯಲ್ಲೇ ಊಟ, ಅವರ ಪಡಸಾಲೆಯಲ್ಲೇ ನಿದ್ದೆ.

ಸೇತುವೆಯ ಕಂಬಗಳು ಎದ್ದವು. ಒಂದು ಮಳೆಗಾಲದಲ್ಲಿ ದ್ಯಾವಮ್ಮನಿಗೆ ಕಾಮಾಲೆ ಆಯಿತು. ಕಣ್ಣು ಅರಿಸಿನವಾದವು. ಅಪ್ಪ ಅವಳನ್ನು ತನ್ನ ಹರಿಗೋಲಿನಲ್ಲೇ ಮಲಗಿಸಿಕೊಂಡು ಆಚೆ ದಡದ ಆಸ್ಪತ್ರೆಗೆ ಒಯ್ದ. ಅದೇ ಹರಿಗೋಲಿನಲ್ಲಿ ತಿರುಗಿ ತಂದ. ಜೀವ ಇರಲಿಲ್ಲ.

ಸುದ್ದಿ ಕೇಳಿ ಶಿವಪುತ್ರ ಓಡಿ ಬಂದ. ಅವರ ಮನೆತನದಲ್ಲಿ ಸುಡುವ ಪದ್ಧತಿ. ಬೂದಿಯನ್ನು ಹೊಳೆಗೆ ಬಿಡುವ ಬೆಳಿಗ್ಗೆ ಅವನು ಹಿಂಜರಿಯುತ್ತ ಹುಲಿಗೆಪ್ಪನ ಮುಂದೆ ನಿಂತ.

"ಕಾಕಾ, ಕ್ಯಾಮೆರಾ ತರಲೇನ್ರಿ? ಬ್ಯಾಡಂದ್ರ ಬಿಡ್ತೀನಿ."

ಹುಲಿಗೆಪ್ಪ ಗೋಡೆಯ ಗೂಡಿನಲ್ಲಿದ್ದ ಬೂದಿಯ ಮಡಕೆಯ ಕಡೆ ನೋಡಿದ.

"ತಗೊಂಡು ಬಾ. ಆಕಿ ನಿನ್ನ ಅಣ್ಣ ಅಂತಿದ್ಲು. ನೀನೂ ಇರು."

ಸೂರ್ಯ ಆಗತಾನೆ ಏರಿದ್ದ. ಹುಲಿಗೆಪ್ಪ ಗೂಡಿನಿಂದ ಮಡಕೆ ತೆಗೆದುಕೊಂಡ. ಎದೆಗವಚಿಕೊಂಡು ಹೊಸ್ತಿಲು ದಾಟಿದ. ಓಣಿ ಹಿಡಿದು ಬಂದು ಹೊಳೆಯ ಕಲ್ಲುಮೆಟ್ಟಿಲು ಇಳಿದ. ಇಳಿಯುತ್ತ ಮಡಕೆಗೆ ಬಾಯಿ ಹತ್ತಿರ ತಂದು ಏನೋ ಮಾತಾಡಿದ. ಮೊಣಕಾಲು ಮುಳುಗುವಷ್ಟು ನೀರಿಗೆ ಹೋಗಿ, ಮಡಕೆಯನ್ನು ಬಗ್ಗಿಸಿ, ಹಾಗೇ ನಿಂತ. ಆಮೇಲೆ ಮೆಟ್ಟಿಲು ಏರಿ ಬಂದ.

ಶಿವಪುತ್ರ ಎಲ್ಲವನ್ನೂ ಚಿತ್ರಿಸಿದ. ಆದರೆ ಅವನ ಕಣ್ಣು ತುಂಬಿ ಬಂದಿದ್ದವು. ಬಿಂಬ ಸ್ಪಷ್ಟವಿದೆಯೋ ಇಲ್ಲವೋ ಅವನಿಗೆ ಕಾಣಲಿಲ್ಲ. ಮುಗಿದ ಮೇಲೆ ಕಣ್ಣೊರೆಸಿಕೊಂಡು ಕ್ಯಾಮೆರಾದ ಪುಟ್ಟ ಪರದೆಯಲ್ಲಿ ನೋಡಿದ.

ಹೊಸ್ತಿಲು ದಾಟುವವರೆಗಿನದು ಸರಿ ಬಂದಿತ್ತು. ಅಲ್ಲಿಂದ ಮುಂದೆ ಎಲ್ಲ ಮಬ್ಬು. ಒಂದು ಬಿಳಿಯ ಆಕಾರ ನೀರಿನ ಕಡೆಗೆ ಜಾರುತ್ತಿತ್ತು. ಮುಖವಿಲ್ಲ, ಮಡಕೆಯಿಲ್ಲ.

ಇಷ್ಟು ವರ್ಷದ ಕೆಲಸದ ಜೀವವೇ ಈ ನಡಿಗೆ ಎಂದು ಅವನಿಗೆ ಗೊತ್ತಿತ್ತು. ಬೆಳಕು ಇನ್ನೂ ಹದವಾಗಿತ್ತು. ಇನ್ನು ಸ್ವಲ್ಪ ಹೊತ್ತಿಗೆ ಅದೂ ಹೋಗುತ್ತದೆ.

ಅವನು ಹುಲಿಗೆಪ್ಪನ ಹತ್ತಿರ ಹೋದ.

"ಕಾಕಾ, ಇನ್ನೊಂದು ಸಲ ಇಳೀತೀರೇನ್ರಿ?"

"ಯಾಕ?"

"ಸರಿ ಬಂದಿಲ್ರಿ."

ಹುಲಿಗೆಪ್ಪ ಅವನ ಮುಖ ನೋಡಿದ. ಆಮೇಲೆ ಮಡಕೆಯ ಒಳಗೆ ಇಣುಕಿದ.

"ಖಾಲಿ ಐತಲ್ಲೋ."

ದಂಡೆಯ ಮೇಲೆ ಮೂರು ಕಲ್ಲಿಟ್ಟು ನೆಂಟರು ಎಡೆಗೆ ಅನ್ನ ಬೇಯಿಸಿದ್ದರು. ಶಿವಪುತ್ರ ಆ ಒಲೆಯಿಂದ ಬೂದಿ ಬಳಿದು, ಕೈಯಾರೆ ಮಡಕೆಗೆ ತುಂಬಿ ಕೊಟ್ಟ.

ಹುಲಿಗೆಪ್ಪ ಮೆಟ್ಟಿಲ ಮೇಲಕ್ಕೆ ಹೋದ. ಮತ್ತೆ ಇಳಿದು ಬಂದ. ಈ ಸಲ ಒಂದು ಕೂದಲೆಳೆಯೂ ಮಬ್ಬಾಗಲಿಲ್ಲ.

ಚಿತ್ರ ಸಿದ್ಧವಾಯಿತು. ನೋಡಿದವರೆಲ್ಲ ಆ ದೃಶ್ಯದ ಹತ್ತಿರ ಉಸಿರು ಬಿಗಿಹಿಡಿದರು. ದೊಡ್ಡ ಚಿತ್ರೋತ್ಸವವೊಂದು ಅವನನ್ನು ಕರೆಯಿತು. ಮಡಕೆ ಹಿಡಿದು ಮೆಟ್ಟಿಲು ಇಳಿಯುವ ಹುಲಿಗೆಪ್ಪನ ಚಿತ್ರವನ್ನೇ ಪೋಸ್ಟರು ಮಾಡಿದರು. ಅದರ ಮೇಲೆ, ಮೊದಲ ಸಲ, ಶಿವಪುತ್ರನ ಹೆಸರು ದೊಡ್ಡಕ್ಷರದಲ್ಲಿ ಇತ್ತು.

ಅವನು ಲ್ಯಾಪ್‌ಟಾಪ್ ಹಿಡಿದು, ಕ್ಯಾಮೆರಾ ಹೆಗಲಿಗೇರಿಸಿಕೊಂಡು ಮಲಪ್ರಭೆಯ ದಂಡೆಗೆ ಬಂದ.

ಅಕ್ಕೋರಿಗೆ ಬೆನ್ನು ಬಾಗಿತ್ತು, ಕಣ್ಣು ಮಾತ್ರ ಚುರುಕಾಗಿದ್ದವು. ಚಿತ್ರವನ್ನು ನೋಡುತ್ತ ಹೋದರು. ದ್ಯಾವಮ್ಮ ಗದರಿಸುವಲ್ಲಿ ನಕ್ಕರು. ಅವಳಿಲ್ಲದ ಹರಿಗೋಲು ಖಾಲಿಯಾಗಿ ನಿಂತಿರುವಲ್ಲಿ ಸೆರಗಿನ ತುದಿ ಹಿಡಿದುಕೊಂಡರು.

ಹುಲಿಗೆಪ್ಪ ಮೆಟ್ಟಿಲಿಗೆ ಬಂದ.

"ನಿಲ್ಲಿಸು," ಎಂದರು ಅಕ್ಕೋರು.

ಶಿವಪುತ್ರ ನಿಲ್ಲಿಸಿದ. ಹೊಗಳಿಕೆ ಬರುತ್ತದೆಂದು ಕಾದ.

"ಮೆಟ್ಟಲಾ ಒಣಗ್ಯಾವ. ಮಳಿ ಬಂದಿಲ್ಲ. ಅಲ್ಲಿ ಹಸಿ ಹೆಜ್ಜಿ ಮೂಡ್ಯಾವ ನೋಡು, ನೀರಿನ ಕಡಿಂದ ಮ್ಯಾಲ ಬಂದಾವ. ಯಾರವು?"

ಶಿವಪುತ್ರ ಆ ಹೆಜ್ಜೆಗಳನ್ನು ಅಲ್ಲಿಯವರೆಗೆ ನೋಡಿಯೇ ಇರಲಿಲ್ಲ.

"ಬ್ಯಾರೆ ಯಾರೋ ಇರಬೇಕ್ರಿ."

"ಬಲಗಾಲು ಹೊರಗ ತಿರುಗೇದ. ಇಂವನ ಬಲಗಾಲೂ ಹಂಗ ತಿರಗತದ."

ಹೊರಗೆ ಹೊಳೆಯಲ್ಲಿ ಯಾರೋ ಬಟ್ಟೆ ಒಗೆಯುವ ಸದ್ದು ಕೇಳುತ್ತಿತ್ತು.

"ಇದು ಎರಡನೇ ಸಲ," ಎಂದರು ಅಕ್ಕೋರು.

"ಹೌದ್ರಿ."

"ಮಡಕ್ಯಾಗ ಏನಿತ್ತು?"

ಶಿವಪುತ್ರ ಪರದೆಯಿಂದ ಕಣ್ಣು ತೆಗೆದ.

"ಒಲೀ ಬೂದಿ."

"ತುಂಬಿದವರು ಯಾರು?"

"ನಾನ್ರಿ."

ಅಕ್ಕೋರು ಎದ್ದು ಹೋಗಿ ಒಂದು ತಂಬಿಗೆ ನೀರು ತಂದು ಅವನ ಮುಂದೆ ಇಟ್ಟರು. ಅವನು ಕುಡಿಯಲಿಲ್ಲ.

"ಕಾಕಾ ಬ್ಯಾಸರ ಮಾಡಿಕೊಳ್ಳಲಿಲ್ರಿ," ಎಂದ. "ತಾನಾಗೇ ಒಪ್ಪಿ ಇಳದ. ಒಂದು ಮಾತೂ ಅನ್ನಲಿಲ್ಲ."

"ನೀ ಕೇಳಿದ್ಯಾ?"

"ಏನನ್ರಿ?"

"ಎರಡನೇ ಸಲ ಹೆಂಗಾತು ಅಂತ."

"ಇಲ್ರಿ."

"ಕೇಳಿಕೊಂಡು ಬಾ. ಕ್ಯಾಮೆರಾ ಇಲ್ಲೇ ಇಡು."

"ಚಿತ್ರೋತ್ಸವ ಹತ್ತಿರ ಬಂದೈತ್ರಿ, ಅಕ್ಕೋರೆ. ಮುಗಿಸಿಕೊಂಡು ಹೋಗ್ತೀನಿ."

"ಎಲ್ಲ ಮುಗಿದ ಮ್ಯಾಲ ನೀ ಏನು ಕೇಳಿದರೂ, ನಿನಗ ನೋವಾಗಬಾರದಂತ ಅಂವ ಛಲೋ ಆತಪ್ಪಾ ಅಂತಾನ," ಎಂದರು ಅಕ್ಕೋರು.

ಶಿವಪುತ್ರ ಕ್ಯಾಮೆರಾ ಅಲ್ಲೇ ಬಿಟ್ಟು ಹೊರಟ.

ಕಡವಿನಲ್ಲಿ ಈಗ ಹೊಳೆ ದಾಟುವವರು ಯಾರೂ ಇರಲಿಲ್ಲ. ಸೇತುವೆಯ ಮೇಲೆ ಬಸ್ಸು, ಟಂಟಂ ರಿಕ್ಷಾಗಳು ಓಡಾಡುತ್ತಿದ್ದವು. ಹರಿಗೋಲನ್ನು ಮನೆಯ ಮುಂದಿನ ಬೇವಿನ ಮರದ ಕೆಳಗೆ ಬೋರಲು ಹಾಕಿದ್ದರು. ಹುಲಿಗೆಪ್ಪ ಅದರ ಪಕ್ಕದಲ್ಲಿ ಕೂತು ಬಲೆ ಹೆಣೆಯುತ್ತಿದ್ದ.

"ಬಾರಪ್ಪಾ," ಎಂದ. "ಕೈ ಖಾಲಿ ಐತಲ್ಲ ಇವತ್ತು?"

"ಬಿಟ್ಟು ಬಂದೀನಿ ಕಾಕಾ."

ಇಬ್ಬರೂ ಸೇತುವೆಯ ಮಾತಾಡಿದರು, ಮೀನಿನ ಮಾತಾಡಿದರು. ಊಟವಾಯಿತು. ಬಿಸಿಲು ಇಳಿಯಿತು. ಕೊನೆಗೆ ಕೇಳಿದ.

"ಕಾಕಾ, ಆವತ್ತು ನಿಮ್ಮನ್ನ ಎರಡನೇ ಸಲ ಇಳಿಸಿದೆ. ಹೆಂಗಾತ್ರಿ?"

ಹುಲಿಗೆಪ್ಪನ ಕೈಯಲ್ಲಿ ದಾರ ನಿಂತಿತು.

"ಕೇಳಿದಿ ಅಂತ ಹೇಳ್ತೀನಿ," ಎಂದ. "ನನಗ ಮೊದಲನೇದು ಸಿಗವಲ್ದು."

"ಅಂದ್ರ?"

"ಕಣ್ಣು ಮುಚ್ಚಿದ್ರ ಎರಡನೇದ ಬರ್ತೈತಿ. ಕೈಯಾಗ ಒಲೀ ಬೂದಿ. ನೀ ಕೆಳಗ ನಿಂತು ಸಾವಕಾಶ, ಸಾವಕಾಶ ಅಂತ ಕೈ ಮಾಡ್ತಿ. ನನ್ನ ಮಗಳನ್ನ ನಾ ಕಳಿಸಿದ್ದು ಮೊದಲನೇ ಸಲ. ಇಳಿಯೋವಾಗ ಆಕಿಗೆ ಏನೋ ಅಂದೆ. ಏನಂದೆ ಅನ್ನೋದು ಎಷ್ಟು ನೆನೆದರೂ ನೆನಪಾಗವಲ್ದು. ಎರಡನೇದು ಅಡ್ಡ ಬಂದು ನಿಂದರತೈತಿ."

ಶಿವಪುತ್ರ ಅವನ ಕಾಲು ಹಿಡಿಯಲು ಬಾಗಿದ. ಹುಲಿಗೆಪ್ಪ ಕಾಲು ಹಿಂದಕ್ಕೆ ಎಳೆದುಕೊಂಡ.

"ನಿನ್ನ ಮ್ಯಾಲ ಸಿಟ್ಟಿಲ್ಲೋ. ನೀ ಹೇಳಿದಿ, ಸರಿ. ನಾ ಯಾಕ ಇಳದೆ? ಅದನ್ನ ಕೇಳಿಕೋತ ಕುಂದರತೀನಿ."

ಶಿವಪುತ್ರ ಬೆಳಗಿನ ಬಸ್ಸಿಗೇ ತನ್ನ ಕೋಣೆಗೆ ಹೋದ. ಬೇಡವೆಂದು ಬದಿಗಿಟ್ಟ ಚಿತ್ರದ ತುಣುಕುಗಳೆಲ್ಲ ಹಳೆಯ ಹಾರ್ಡ್ ಡಿಸ್ಕ್‌ಗಳಲ್ಲಿ ಇದ್ದವು. ಒಂದೊಂದನ್ನೇ ತೆರೆದು ನೋಡಿದ. ಇಡೀ ಹಗಲು ಹುಡುಕಿದ. ಅಳಿಸಿಬಿಟ್ಟಿದ್ದೇನೆಯೇ ಎಂಬ ಭಯಕ್ಕೆ ನೋಡಿದ್ದನ್ನೇ ಮತ್ತೆ ನೋಡಿದ.

ಸಿಕ್ಕಿತು.

ಅದೇ ಮಬ್ಬು. ಅದೇ ಬಿಳಿಯ ಆಕಾರ. ಆದರೆ ಹುಲಿಗೆಪ್ಪನ ಅಂಗಿಯೊಳಗೆ ತಾನೇ ಸಿಕ್ಕಿಸಿದ್ದ ಸಣ್ಣ ಮೈಕು ತನ್ನ ಕೆಲಸ ಮಾಡಿತ್ತು. ಹೆಡ್‌ಫೋನಿನಲ್ಲಿ ಹುಲಿಗೆಪ್ಪನ ಉಸಿರು ಕೇಳಿಸಿತು. ಮೆಟ್ಟಿಲ ಮೇಲೆ ಬರಿಗಾಲಿನ ಸಪ್ಪಳ ಕೇಳಿಸಿತು. ಆಮೇಲೆ ಧ್ವನಿ, ಬಹಳ ಹತ್ತಿರದಿಂದ.

"ಯವ್ವಾ..."

ಶಿವಪುತ್ರ ಹೆಡ್‌ಫೋನನ್ನು ಕಿತ್ತು ಮೇಜಿನ ಮೇಲಿಟ್ಟ. ಚಿತ್ರ ನಿಲ್ಲಿಸಿದ. ಮುಂದಿನದನ್ನು ಕೇಳಲಿಲ್ಲ.

ಕಡವಿಗೆ ಮರಳಿ ಹೋದ. ಪಡಸಾಲೆಯಲ್ಲಿ ಹುಲಿಗೆಪ್ಪನನ್ನು ಕೂರಿಸಿ, ಲ್ಯಾಪ್‌ಟಾಪನ್ನು ಅವನ ಕಡೆಗೆ ತಿರುಗಿಸಿ, ಹೆಡ್‌ಫೋನು ಕಿವಿಗೆ ಹಾಕಿದ.

"ಚಿತ್ರ ಮಬ್ಬೈತ್ರಿ ಕಾಕಾ. ಮಾತು ಐತಿ. ಈ ಗುಂಡಿ ಒತ್ತಿದ್ರ ಶುರು, ಮತ್ತ ಒತ್ತಿದ್ರ ನಿಂದರತೈತಿ."

ತಾನು ಹೊರಗೆ ಹೋಗಿ ಬೋರಲು ಬಿದ್ದ ಹರಿಗೋಲಿನ ಹತ್ತಿರ ಕೂತ. ಒಳಗಿನಿಂದ ಯಾವ ಸದ್ದೂ ಬರಲಿಲ್ಲ. ನೆರಳು ಮರ ಬಿಟ್ಟು ದೂರ ಸರಿಯಿತು. ನೆರೆಮನೆಯ ಹೆಂಗಸು ನೀರು ತುಂಬಿಕೊಂಡು ಹೋದಳು, ಏನಾಯಿತೆಂದು ಕಣ್ಣಿನಲ್ಲೇ ಕೇಳಿದಳು. ಅವನು ತಲೆಯಾಡಿಸಿದ.

ಹುಲಿಗೆಪ್ಪ ಬಾಗಿಲಿಗೆ ಬಂದು ನಿಂತಾಗ ಅವನ ಗಡ್ಡ ಒದ್ದೆಯಾಗಿತ್ತು.

"ನೀ ಕೇಳಿದಿ?"

"ಯವ್ವಾ ಅಂದದ್ದು ಕೇಳಿತು. ಅಲ್ಲಿಗೆ ನಿಲ್ಲಿಸಿದೆ."

ಹುಲಿಗೆಪ್ಪ ತಲೆಯಾಡಿಸಿದ.

"ಇದು ನನ್ನ ಹತ್ರ ಇರಲಿ. ಮಂದಿಗೆ ಬ್ಯಾಡ."

"ಆತ್ರಿ ಕಾಕಾ. ಇನ್ನೊಂದೈತಲ್ರಿ, ಎರಡನೇದು?"

"ಅದು ನಂದಲ್ಲ. ಅದು ನಿಂದು. ನಿನಗ ತಿಳದಂಗ ಮಾಡು."

ದಾರಿಯುದ್ದಕ್ಕೂ ಆ ಮಾತು ಶಿವಪುತ್ರನ ಜೊತೆ ಬಂತು. ಬೈದಿದ್ದರೆ ಹಗುರಾಗುತ್ತಿತ್ತು. ಬೇಡ ಎಂದಿದ್ದರೂ ಹಗುರಾಗುತ್ತಿತ್ತು.

ಅಕ್ಕೋರಿಗೆ ನಡೆದದ್ದನ್ನೆಲ್ಲ ಹೇಳಿದ.

"ಏನು ಮಾಡ್ಲಿರಿ?"

"ನನ್ನ ಕೇಳಬ್ಯಾಡ," ಎಂದರು ಅಕ್ಕೋರು. "ನಾ ಆ ಹೊಳಿ ನೋಡಿಲ್ಲ."

"ಅದನ್ನ ತೆಗೆದ್ರ ಚಿತ್ರ ಸಾಯತೈತ್ರಿ."

"ಸತ್ತರ ನೋಡೋಣು."

ಅವನು ಆ ದೃಶ್ಯವನ್ನು ಕತ್ತರಿಸಿ ತೆಗೆದ. ಕತ್ತರಿಸುವ ಮೊದಲು ಕೊನೆಯ ಸಲ ನೋಡಿದ. ಅವನು ಇಡೀ ಬದುಕಿನಲ್ಲಿ ಅಷ್ಟು ಚೆಂದದ ದೃಶ್ಯ ಇನ್ನೊಂದು ತೆಗೆದಿರಲಿಲ್ಲ. ಬೆಳಕು ಮಡಕೆಯ ಅಂಚಿಗೆ ತಾಗಿ, ಹುಲಿಗೆಪ್ಪನ ಬೆರಳುಗಳ ಮೇಲೆ ಇಳಿದಿತ್ತು. ಅವನಿಗೆ ಅಳು ಬಂತು. ಅದು ದ್ಯಾವಮ್ಮನಿಗಾಗಿ ಬಂದ ಅಳು ಅಲ್ಲವೆಂದು ಅವನಿಗೇ ಗೊತ್ತಿತ್ತು. ಅದಕ್ಕೇ ಬೇಗ ಕತ್ತರಿಸಿದ.

ಚಿತ್ರೋತ್ಸವದವರಿಗೆ ಫೋನು ಮಾಡಿದ. ಅವರು ಮೊದಲು ತಮಾಷೆ ಎಂದುಕೊಂಡರು. ಆಮೇಲೆ ಸಮಾಧಾನ ಮಾಡಿದರು. ನಿಜ ಜೀವನದ ಚಿತ್ರಗಳಲ್ಲೂ ಎಷ್ಟೋ ದೃಶ್ಯಗಳನ್ನು ಎರಡೆರಡು ಸಲ ತೆಗೆಯುವುದು ಉಂಟು, ಯಾರೂ ಕೇಳುವುದಿಲ್ಲ ಎಂದರು. ಅವನು ಒಪ್ಪದಿದ್ದಾಗ, ನಾವು ಕರೆದದ್ದು ಆ ದೃಶ್ಯ ಇರುವ ಚಿತ್ರವನ್ನು ಎಂದು ಹೇಳಿ ಫೋನಿಟ್ಟರು. ಪೋಸ್ಟರು ಇಳಿಯಿತು. ಜೊತೆಗೆ ಕೆಲಸ ಮಾಡಿದ್ದ ಗೆಳೆಯರು ಇವನಿಗೆ ತಲೆ ಕೆಟ್ಟಿದೆ ಎಂದರು. ಒಬ್ಬಿಬ್ಬರು ಮಾತು ಬಿಟ್ಟರು.

ಮತ್ತೆ ಮದುವೆಯ ಕಾಲ ಬಂತು. ಶಿವಪುತ್ರ ಮದುವೆಗಳನ್ನು ಚಿತ್ರಿಸಿದ.

ಬಿಡುವು ಸಿಕ್ಕಾಗ ಚಿತ್ರವನ್ನು ತೆರೆದು ಕೂರುತ್ತಿದ್ದ. ಹುಲಿಗೆಪ್ಪ ಗೂಡಿನಿಂದ ಮಡಕೆ ತೆಗೆದುಕೊಳ್ಳುತ್ತಾನೆ. ಎದೆಗವಚಿಕೊಂಡು ಹೊಸ್ತಿಲು ದಾಟುತ್ತಾನೆ. ಆಮೇಲೆ ಒಮ್ಮೆಲೇ ಮಧ್ಯಾಹ್ನದ ಹೊಳೆ, ಗೂಟಕ್ಕೆ ಕಟ್ಟಿದ ಹರಿಗೋಲು. ನಡುವೆ ಏನೂ ಇಲ್ಲ.

ಆ ಜಾಗ ಬಂದಾಗಲೆಲ್ಲ ಕಾಲು ತಪ್ಪಿದಂತಾಗುತ್ತಿತ್ತು. ಅಲ್ಲಿಗೆ ಬೇರೆ ಏನೇನೋ ಜೋಡಿಸಿ ನೋಡಿದ. ಯಾವುದೂ ಕೂಡಲಿಲ್ಲ.

ಕೊನೆಗೊಂದು ದಿನ ಅದನ್ನು ಅಕ್ಕೋರ ಮುಂದೆ ತಂದಿಟ್ಟ. ಅಕ್ಕೋರು ಮೊದಲಿನಿಂದ ಕೊನೆಯವರೆಗೆ ನೋಡಿದರು.

"ಇಲ್ಲಿ ತೂತು ಬಿದ್ದಂಗ ಐತ್ರಿ, ಅಕ್ಕೋರೆ," ಎಂದ ಶಿವಪುತ್ರ. "ಮನಿಯಿಂದ ಹೊಂಟ ಮನುಷ್ಯ ಹೊಳಿ ಮುಟ್ಟೋದು ಕಾಣೋದೇ ಇಲ್ಲ. ಮಂದಿ ಕೇಳ್ತಾರ, ನಡುವ ಏನಾತು ಅಂತ. ಏನು ಹಾಕಿ ಮುಚ್ಚಲಿರಿ? ಬರೇ ಓಣಿ ತೋರಸಲೇನ್ರಿ? ನೀರಿನ ಸಪ್ಪಳನರ ಹಾಕಲೇನ್ರಿ?"

ಅಕ್ಕೋರು ಅವನ ಕೈ ಸರಿಸಿ, ತಾವೇ ಚಿತ್ರವನ್ನು ಹಿಂದಕ್ಕೆ ಒಯ್ದರು. ಹುಲಿಗೆಪ್ಪ ಮತ್ತೆ ಮಡಕೆ ತೆಗೆದುಕೊಂಡ, ಹೊಸ್ತಿಲು ದಾಟಿ ಹೊರಗಿನ ಬೆಳಕಿಗೆ ಹೋದ. ಖಾಲಿ ಬಾಗಿಲು ಉಳಿಯಿತು. ಅಲ್ಲಿ ನಿಲ್ಲಿಸಿದರು.

ಆ ಬಾಗಿಲಿನ ಕಡೆ ಬೆರಳು ತೋರಿಸಿದರು.

"ಏನೂ ಹಾಕಬ್ಯಾಡ," ಎಂದರು. "ಈ ಸಲನಾದರೂ ಅಂವ ಹೊಳಿಗೆ ಒಬ್ಬನ ಹೋಗಲಿ."